ಹಂದಿಗೂ ಒಂದು ನೋಟಿಸು

ಶಿಕಾರಿಪುರದ ಕೋರ್ಟಿನೆದುರು ಟೀ ಅಂಗಡಿ. ಸೊರಬದ ಗೌಡ್ರು ಪ್ಲಾಸ್ಟಿಕ್ ಕವರಿನಿಂದ ಮಡಿಚಿದ ನೋಟಿಸು ತೆಗೆದರು.

“ಬದುವಿನ ಜಗಳಕ್ಕೆ ಕೇಸಾಯ್ತು ವಕೀಲ್ರೇ. ಬೆಳೆ ಕಾಯೋ ಕೋವಿ ಲೈಸೆನ್ಸಿಗೂ ಸಂಚಕಾರ!”

“1959ರ ಆಯುಧ ಕಾಯ್ದೆ, 17ನೇ ಕಲಂ. ಸಾರ್ವಜನಿಕ ಶಾಂತಿಗೆ ಅಗತ್ಯ ಅನ್ನಿಸಿದ್ರೆ ಡೀಸಿ ಅಮಾನತು ಮಾಡಬಹುದು, ರದ್ದೂ ಮಾಡಬಹುದು.”

“ಶಿಕ್ಷೆಯೇ ಆಗಿಲ್ವಲ್ರೀ?”

“ಆಗಬೇಕಂತಿಲ್ಲ. ಆದ್ರೆ ಕಾರಣ ಬರೀಬೇಕು. 18ನೇ ಕಲಮಿನಲ್ಲಿ ಮೇಲ್ಮನವಿ ಹಾಕೋಣ.”

“ಅಲ್ಲೀತನಕ ಜೋಳ ತಿನ್ನೋ ಹಂದಿಗೂ ಒಂದು ನೋಟಿಸು ಕೊಡ್ಸಿ.”

(ವಕೀಲರಿಗೆ ಆ ಕಲಂ ನೆನಪಾಗಲಿಲ್ಲ.)

“ಕೇಸಿದ್ದೋರು ಎಲೆಕ್ಷನ್ನಿಗೆ ನಿಲ್ಲಬಹುದಾ?”

“ಧಾರಾಳವಾಗಿ! ಸಾಮಾನ್ಯವಾಗಿ ಎರಡು ವರ್ಷದ ಶಿಕ್ಷೆ ಬೀಳೋವರೆಗೂ ಅಡ್ಡಿಯಿಲ್ಲ. ಅಫಿಡವಿಟ್ಟಿನಲ್ಲಿ ಕೇಸು ತೋರಿಸಿದ್ರಾಯ್ತು.”

“ಹಂಗಾದ್ರೆ ಮೇಲ್ಮನವಿ ಬಿಡಿ, ನಾಮಪತ್ರ ತುಂಬ್ಸಿ. ಗೆದ್ರೆ ಸರ್ಕಾರವೇ ಕೋವಿ ಜೊತೆ ಹಿಡಿಯೋಕೆ ಆಳನ್ನೂ ಕೊಡುತ್ತೆ.”