ಪೋಲೆಂಡಿನ ಶವಪೆಟ್ಟಿಗೆ ಚಿತ್ರಕಾರರಿಗೊಂದು ಬಹಿರಂಗ ಪತ್ರ

ವಿಜಯನಗರ, ಬೆಂಗಳೂರು

17ನೇ ಶತಮಾನದ ಪೋಲೆಂಡಿನ ಚಿತ್ರಕಾರ ಮಹಾಶಯರೇ,

ನಿಮ್ಮ ಬರೋಕ್ ವೈಭವ ಏನಾಯಿತೋ ಎಂದು ಅಲ್ಲಿ ಕೊರಗುತ್ತಿದ್ದರೆ ನಿಶ್ಚಿಂತರಾಗಿ. ಇಲ್ಲಿ ಮಾರುತಿ ಮಂದಿರದ ಬಸ್‌ಸ್ಟಾಪಿನಿಂದ ಕೆಂಗೇರಿಯವರೆಗೆ ಶ್ರದ್ಧಾಂಜಲಿ ಫ್ಲೆಕ್ಸುಗಳಾಗಿ ಕರೆಂಟು ಕಂಬಕ್ಕೆ ಕಟ್ಟಿ ಕಾಪಾಡಿದ್ದೇವೆ.

ನಿಮ್ಮಲ್ಲಿ ಜಮೀನುದಾರ ಸತ್ತರೆ ತಗಡಿನ ಮೇಲೆ ಅವನ ಮುಖ ಬರೆದು, ಪೆಟ್ಟಿಗೆಯ ತಲೆಕಡೆಗೆ ಹೊಂದುವಂತೆ ಆರು ಮೂಲೆಗೋ ಎಂಟು ಮೂಲೆಗೋ ಕತ್ತರಿಸಿ ಬಡಿಯುತ್ತಿದ್ದಿರಿ. ಯಾರು ಬಂದರು, ಯಾರು ತಪ್ಪಿಸಿಕೊಂಡರು ಎಂದು ಸತ್ತವನೇ ನೆಟ್ಟ ಕಣ್ಣಿನಿಂದ ಹಾಜರಿ ತೆಗೆದುಕೊಂಡಂತೆ! ಸತ್ತವನ ವೇಷ ಹಾಕಿದ ಸವಾರ ಚರ್ಚಿನೊಳಗೆ ಕುದುರೆ ನುಗ್ಗಿಸಿ ಧಡಾರನೆ ಬೀಳುವುದೂ ಇತ್ತಂತೆ. ನಮ್ಮಲ್ಲಿ ತಮಟೆ, ಪಟಾಕಿಗೇ ಮುಗಿಯುತ್ತದೆ. ನಿಮ್ಮ ಪೆಟ್ಟಿಗೆಗೆ ವಂಶದ ಲಾಂಛನ. ನಮ್ಮ ಫ್ಲೆಕ್ಸಿನ ಮೂಲೆಗೆ ವಾರ್ಡಿನ ನಾಯಕರು.

ತಕರಾರು ಒಂದೇ. ನೀವು ಜೋತುಬಿದ್ದ ಗಲ್ಲ, ಮೂಗಿನ ಮೇಲಿನ ನರುಲಿ, ಯಾವುದನ್ನೂ ಬಿಡಲಿಲ್ಲ. ನಮ್ಮ ಬೀದಿಯ ಹಿರಿಯರೊಬ್ಬರು ತೀರಿಕೊಂಡರು. ಎಡಗೆನ್ನೆಯ ಮೇಲೆ ಕಡಲೆಕಾಳಿನಷ್ಟು ನರುಲಿ. ಮಕ್ಕಳಿಗೆಲ್ಲ ಅವರು ‘ನರುಲಿ ತಾತ’. ಫ್ಲೆಕ್ಸ್ ಅಂಗಡಿಯ ಹುಡುಗ ಎರಡೇ ಕ್ಲಿಕ್ಕಿಗೆ ಅದನ್ನು ಅಳಿಸಿ, ತಾತನನ್ನು ಹಾಲಿನಲ್ಲಿ ಅದ್ದಿ ತೆಗೆದು, ಅಕ್ಕಪಕ್ಕ ದೀಪ, ಹಿಂದೆ ಮೋಡ ಇಟ್ಟು ‘ಮತ್ತೆ ಹುಟ್ಟಿ ಬನ್ನಿ’ ಎಂದು ಬರೆದ. ಕೆಳಗೆ ದುಃಖತಪ್ತರ ಮುಖ ಎಣಿಸಿದೆ: ಇಪ್ಪತ್ತಾರು. ಹನ್ನೊಂದು ಜನ ಕೂಲಿಂಗ್ ಗ್ಲಾಸಿನಲ್ಲೇ ದುಃಖಿಸುತ್ತಿದ್ದರು. ಅಜ್ಜಿ ಬಹಳ ಹೊತ್ತು ನೋಡಿ, “ಹೆಸರೇನೋ ನಮ್ಮನೆಯವರದ್ದೇ” ಅಂದರು.

2018ರಲ್ಲಿ ಹೈಕೋರ್ಟು ಗದರಿದ ಮೇಲೆ ಪಾಲಿಕೆ ಊರ ಫ್ಲೆಕ್ಸುಗಳನ್ನೆಲ್ಲ ಕಿತ್ತಿತ್ತು. ಸತ್ತವರಿಗೆ ಆ ಆದೇಶ ತಲುಪಿಲ್ಲವೆಂದು ಕಾಣುತ್ತದೆ. ನಿಮ್ಮವರೇ ಆದ ಕಲಾವಿದ ವ್ವಾದಿಸ್ವಾಫ್ ಹಾಸಿಯೋರ್ ಕಳೆದ ಶತಮಾನದಲ್ಲಿ ಚರ್ಚಿನ ಮೆರವಣಿಗೆಯ ಬಾವುಟದ ಧಾಟಿ ಹಿಡಿದು, ಮುರುಕು ಸಾಮಾನು ಸೇರಿಸಿ ಬಾವುಟ ಹೊಲಿದರೆ ಮ್ಯೂಸಿಯಮ್ಮಿನಲ್ಲಿಟ್ಟರು. ನಮ್ಮ ಹುಡುಗ ಕಂಬ ಹತ್ತಿದರೆ ಕೇಸು! ಇದು ನ್ಯಾಯವೇ ಸ್ವಾಮಿ?

ನಿಮ್ಮ ತಗಡುಗಳು ಮಣ್ಣು ಮಾಡಿದ ಮೇಲೆ ಚರ್ಚಿನ ಗೋಡೆ ಏರಿದವು. ನಮ್ಮ ತಾತ ತಿಥಿ ಕಳೆದ ಮೇಲೆ ಮಾರ್ಕೆಟ್ಟಿನಲ್ಲಿ ಸಿಕ್ಕರು. ಮಳೆ ಶುರುವಾಗಿತ್ತು, ಸೊಪ್ಪಿನಾಕೆ ದಂಟು, ಸಬ್ಬಸಿಗೆ ರಾಶಿಯ ಮೇಲೆ ಅವರನ್ನೇ ಹೊದಿಸಿದ್ದಳು. ಆಟೋ ಹೋದ ರಭಸಕ್ಕೆ ಕೆಸರು ಹಾರಿ ಎಡಗೆನ್ನೆಯ ಮೇಲೆ ಕಡಲೆಕಾಳಿನಷ್ಟು ಕೂತಿತ್ತು. ಆಕೆ ಒರೆಸಲು ಬಟ್ಟೆ ತೆಗೆದಳು. ಬೇಡಮ್ಮ, ಇರಲಿ ಬಿಡಿ ಅಂದೆ.

ಇಂತಿ ನಿಮ್ಮ ವಿಧೇಯ,
ಅದೇ ಬೀದಿಯವನು