ಗಾಳಿ ಕಸುಬಿನವರ ಕೈಪಿಡಿ: ಹರಿದ ಪ್ರತಿ

ಸಂಘಕ್ಕೆ ಹೊಸದಾಗಿ ಸೇರಿದವರಿಗೆ ಸ್ವಾಗತ. ಗಾಳಿ, ಮಳೆ, ಮಂಜು, ಬಿಸಿಲನ್ನೇ ಕಚ್ಚಾ ಸಾಮಾನು ಮಾಡಿಕೊಂಡು ಬದುಕುವವರ ಸಂಘ ಇದು. ಬಡಗಿ ಮರ ತರುತ್ತಾನೆ, ಕುಂಬಾರ ಮಣ್ಣು ತರುತ್ತಾನೆ. ನಮ್ಮ ಸಾಮಾನನ್ನು ತರಲಾಗದು, ಅದೇ ಬರುತ್ತದೆ. ಬಂದಾಗ ನೀವು ಮನೆಯಲ್ಲಿರಬೇಕು, ಅಷ್ಟೆ. ಅರ್ಜಿಯಲ್ಲಿ ‘ಹಿಂದಿನ ಅನುಭವ’ ಎಂಬಲ್ಲಿ ಹೆಚ್ಚಿನವರು ‘ಗಾಳಿಗೋಪುರ ಕಟ್ಟಿದ್ದೇನೆ’ ಎಂದು ಬರೆಯುತ್ತಾರೆ. ಅದನ್ನು ಪರಿಗಣಿಸುವುದಿಲ್ಲ. ಆ ಕೆಲಸಕ್ಕೆ ಬೇರೆ ಇಲಾಖೆಗಳಿವೆ.

ನಿಯಮ 1: ಕ್ಯಾಲೆಂಡರನ್ನು ಗೋಡೆಯಿಂದ ಇಳಿಸಿ. ಸಂಘದ ವರ್ಷಕ್ಕೆ ತಿಂಗಳು ಹನ್ನೆರಡಲ್ಲ, ಇಪ್ಪತ್ತೇಳು. ಸೂರ್ಯ ಒಂದೊಂದು ನಕ್ಷತ್ರದಲ್ಲಿ ಹದಿಮೂರು-ಹದಿನಾಲ್ಕು ದಿನ ತಂಗುತ್ತಾನೆ. ಅಷ್ಟು ದಿನ ಬಿದ್ದ ಮಳೆಗೆ ಆ ನಕ್ಷತ್ರದ್ದೇ ಹೆಸರು. ಜೂನ್ ಮೊದಲ ವಾರ ಮುಗಿಯುತ್ತಲೇ ಮೃಗಶಿರಾ, 21-22ರ ಹೊತ್ತಿಗೆ ಆರಿದ್ರೆ. ಹಳ್ಳಿಗೆ ಹೋಗಿ ‘ಜುಲೈ ಮಳೆ ಎಷ್ಟಾಯಿತು?’ ಎಂದರೆ ನಿಮ್ಮನ್ನು ಸರ್ವೆಗೆ ಬಂದವರೆಂದು ತಿಳಿಯುತ್ತಾರೆ. ‘ಪುನರ್ವಸು ಹೆಂಗೆ ಹುಯ್ತು ಗೌಡ್ರೆ?’ ಎಂದು ಕೇಳಿ. ಕೂರಲು ಜಗಲಿ ಸಿಗುತ್ತದೆ, ಟೀಯೂ ಬರುತ್ತದೆ.

ನಿಯಮ 2: ಗಾಳಿ ಬಂದಾಗ ತೂರಿಕೋ. ಇದನ್ನು ಊರವರು ಗಾದೆ ಅನ್ನುತ್ತಾರೆ, ಚುನಾವಣೆಗೆ ನಿಲ್ಲುವವರು ಸಿದ್ಧಾಂತ ಅನ್ನುತ್ತಾರೆ. ನಮಗೆ ಇದು ಬರೀ ಕೆಲಸದ ಕ್ರಮ. ಕಣದಲ್ಲಿ ಮುಕ್ಕಾಲಿ ಹತ್ತಿ, ಗಾಳಿ ಪಕ್ಕದಿಂದ ಬರುವಂತೆ ನಿಂತು, ತಲೆಯೆತ್ತರದಿಂದ ಮೊರವನ್ನು ಸಣ್ಣಗೆ ಅಲುಗಿಸಿ. ಗಟ್ಟಿಕಾಳು ಕಾಲ ಬುಡಕ್ಕೆ, ಜೊಳ್ಳು ಎರಡು ಮಾರು ಆಚೆ, ಹೊಟ್ಟು ಇನ್ನೂ ಆಚೆ. ತಕ್ಕಡಿ ಇಲ್ಲ, ಜರಡಿ ಇಲ್ಲ, ತೂಕ ಮಾಡಿದ್ದು ಗಾಳಿ. ಮಂದವಾದರೆ ಎಲ್ಲವೂ ಒಂದೇ ಗುಡ್ಡೆ. ಜೋರಾದರೆ ನಿಮ್ಮ ರಾಗಿ ಪಕ್ಕದವನ ಹೊಲಕ್ಕೆ. ಗಾಳಿ ನಿಂತಾಗ ಕೂತು ಕಾಯಿರಿ, ಬೀಡಿಗೆಂದು ದೂರ ಹೋಗಬೇಡಿ. ಅದು ಬರುವುದು ಆಗಲೇ.

ಟೇಬಲ್ ಫ್ಯಾನ್ ನಿಷಿದ್ಧವೇನಲ್ಲ. ಹುಡುಗನಾಗಿದ್ದಾಗ ನಾನೇ ಮನೆಯಿಂದ ವೈರು ಎಳೆದು ಕಣಕ್ಕೆ ಫ್ಯಾನ್ ತಂದಿದ್ದೆ. ಮೂರನೇ ಮೊರಕ್ಕೆ ಕರೆಂಟು ಹೋಯಿತು. ಅಜ್ಜ ಅವತ್ತು ಏನೂ ಅನ್ನಲಿಲ್ಲ. ಕರೆಂಟು ಬಿಲ್ಲು ಬಂದ ದಿನ ಮಾತ್ರ ಹತ್ತಿರ ಕರೆದು, ‘ಗಾಳಿಗೆ ಎಷ್ಟು ಹಾಕವ್ರೆ, ಓದ್ಲಾ’ ಅಂದರು.

ಡಾಂಬರು ರಸ್ತೆಯನ್ನೇ ಕಣ ಮಾಡಿ ಹುರುಳಿ ಹರಡಿ, ಲಾರಿಯಿಂದ ಒಕ್ಕಣೆ ಮಾಡಿಸುವವರು ನಮ್ಮ ಸದಸ್ಯರಲ್ಲ. ಬೈಕಿನವರು ಜಾರಿ ಬಿದ್ದರೆ ಸಂಘ ಹೊಣೆಯಲ್ಲ.

ನಿಯಮ 3ರಿಂದ 7: ಈ ಹಾಳೆಗಳು ಕಳೆದ ಆಷಾಢದ ಗಾಳಿಗೆ ಹಾರಿಹೋಗಿವೆ. ಸಂಡಿಗೆ, ಗಾಳಿಪಟ, ಗೊರಬು ಹೆಣೆಯುವುದು, ಮಂಜನ್ನು ಗಜದ ಲೆಕ್ಕದಲ್ಲಿ ಕತ್ತರಿಸುವುದು ಎಲ್ಲ ಅದರಲ್ಲೇ ಇದ್ದವು.

ನಿಯಮ 8: ಕಾಫಿ. ಗಾಳಿಗೆ ಡಾಲರಿನಲ್ಲಿ ಬೆಲೆ ಬಂದದ್ದು ಈ ಶಾಖೆಯಲ್ಲೇ ಆದ್ದರಿಂದ ತುಸು ನಿಧಾನವಾಗಿ ಓದಿ. ಹಾಯಿಹಡಗಿನ ಕಾಲದಲ್ಲಿ ನಮ್ಮ ಕರಾವಳಿಯ ಕಾಫಿ ಆಫ್ರಿಕದ ತುದಿ ಸುತ್ತಿ ಯುರೋಪು ಮುಟ್ಟಲು ತಿಂಗಳುಗಟ್ಟಲೆ ಹಿಡಿಯುತ್ತಿತ್ತು. ಮರದ ಹಡಗಿನ ಹೊಟ್ಟೆಯಲ್ಲಿ ಕಡಲ ತೇವ ಕುಡಿದು ಬೀಜ ಊದುತ್ತಿತ್ತು, ಹಸಿರು ಹೋಗಿ ಹಳದಿಯಾಗುತ್ತಿತ್ತು, ಹುಳಿ ಇಳಿಯುತ್ತಿತ್ತು. ಅಲ್ಲಿಯವರು ಕಾಫಿ ಅಂದರೆ ಇದೇ ಎಂದುಕೊಂಡರು. 1869ರಲ್ಲಿ ಸೂಯೆಜ್ ಕಾಲುವೆ ತೆರೆಯಿತು, ಉಗಿಹಡಗುಗಳೂ ಬಂದವು. ಸರಕು ಬೇಗ ತಲುಪತೊಡಗಿತು. ಬೇಗ ಬಂದದ್ದಕ್ಕೇ ದೂರು ಶುರುವಾಯಿತು, ಹಳೆಯ ರುಚಿ ಇಲ್ಲ ಎಂದು! ಇಂಥ ಗಿರಾಕಿಯನ್ನು ಬಿಡುವುದುಂಟೆ?

ವಿಧಾನ: ಮುಂಗಾರು ಹಿಡಿಯುತ್ತಲೇ ಮಂಗಳೂರಿನ ಗೋದಾಮಿನ ಪಕ್ಕದ ಬಾಗಿಲು ತೆರೆಯಿರಿ. ಮಾಡು ಭದ್ರವಿರಲಿ, ಬೀಜಕ್ಕೆ ಬೇಕಾದ್ದು ಮಳೆಗಾಳಿ, ಮಳೆಯಲ್ಲ. ಚೆರಿ ಕಾಫಿಯ ಬೀಜವನ್ನು ನೆಲದ ಮೇಲೆ ಗೇಣಿಗಿಂತ ತೆಳುವಾಗಿ ಹರಡಿ ನಾಲ್ಕೈದು ದಿನ ಕೆದಕುತ್ತಿರಿ. ಆಮೇಲೆ ಗೋಣಿಚೀಲಕ್ಕೆ ಸಡಿಲವಾಗಿ ತುಂಬಿ, ಗಾಳಿ ನುಸುಳುವಷ್ಟು ಸಂದು ಬಿಟ್ಟು ಸಾಲಾಗಿ ಒಟ್ಟಿ. ಆಗಾಗ ಸುರಿದು ಮತ್ತೆ ತುಂಬಿ, ಮರೆತರೆ ಬೂಷ್ಟು. ಹನ್ನೆರಡರಿಂದ ಹದಿನಾರು ವಾರ ಹೀಗೇ. ಸೆಪ್ಟೆಂಬರಿಗೆ ಬೀಜ ಒಣಹುಲ್ಲಿನ ಬಣ್ಣಕ್ಕೆ ಬರುತ್ತದೆ. ಇದಕ್ಕೆ ‘ಮಾನ್ಸೂನ್ಡ್ ಮಲಬಾರ್’ ಎಂಬ ಹೆಸರೂ ಜಿಐ ಪಟ್ಟವೂ ಇವೆ. ಹಡಗು ಮಾಡುತ್ತಿದ್ದ ತಪ್ಪನ್ನು ದಡದಲ್ಲೇ ಕೂತು ಶ್ರದ್ಧೆಯಿಂದ ಮಾಡುವುದು: ಸಂಘದಲ್ಲಿ ಇದಕ್ಕಿಂತ ಒಳ್ಳೆಯ ಕಸುಬು ನಾನು ಕಂಡಿಲ್ಲ.

ನಿಯಮ 9: ಮೋಡವನ್ನು ಒತ್ತಾಯಿಸುವುದು. ಬಡಗಣ ಶಾಖೆಯವರು ರೊಟ್ಟಿ ಹಂಚಿನ ಮೇಲೆ ಸಗಣಿಯ ಗುರ್ಚಿ ಗೊಂಬೆ ಕೂರಿಸಿ, ತಲೆಯ ಮೇಲೆ ಹೊತ್ತು, ಮನೆ ಮನೆಯಲ್ಲಿ ನೀರು ಹೊಯ್ಸಿಕೊಳ್ಳುತ್ತಾರೆ. ಖರ್ಚು ಒಂದು ಬಿಂದಿಗೆ ನೀರು. ಸರಕಾರವೂ 2003ರಲ್ಲಿ ‘ವರುಣ’ ಎಂದೂ 2017ರಲ್ಲಿ ‘ವರ್ಷಧಾರಿ’ ಎಂದೂ ವಿಮಾನ ಹಾರಿಸಿ ಮೋಡ ಬಿತ್ತನೆ ಮಾಡಿಸಿತು. ಬಿತ್ತಲು ಮೊದಲು ಮೋಡ ಇರಬೇಕು. ಮೋಡವಿಲ್ಲದ ಕಡೆ ವಿಮಾನವೂ ಗುರ್ಚಿಯೂ ಒಂದೇ. ಗುರ್ಚಿ ಹೊತ್ತವರಿಗೆ ಜೋಳವಾದರೂ ಸಿಗುತ್ತದೆ.

ದೂರುಗಳು: ಸಾಮಾನು ವಿಪರೀತ ಬಂದಿದೆ, ಇಡಲು ಜಾಗವಿಲ್ಲ ಎಂದು ಆಗುಂಬೆ ಶಾಖೆ ಬರೆಯುತ್ತದೆ. ಅಲ್ಲಿಯ ವರ್ಷದ ಸರಾಸರಿ 7,000 ಮಿ.ಮೀ. ದಾಟುತ್ತದೆ. ಅದರ ಹತ್ತರಲ್ಲೊಂದು ಪಾಲೂ ಕಾಣದ ಚಳ್ಳಕೆರೆ ಶಾಖೆ ಬರೆಯುವುದನ್ನು ಇಲ್ಲಿ ಹಾಕುವಂತಿಲ್ಲ. ವರ್ಗಾವಣೆ ಕೇಳಬೇಡಿ, ಮೋಡವನ್ನು ಸಹ್ಯಾದ್ರಿಯೇ ತಡೆಯುತ್ತದೆ. ಎರಡೂ ಪತ್ರ ಒಂದೇ ಕಡತದಲ್ಲಿವೆ.

ಕೊನೆಗೊಂದು ವಿನಂತಿ. ಆಷಾಢದ ಗಾಳಿ ಪಡುವಣದ್ದಾದ್ದರಿಂದ ಹಾರಿದ ಐದು ನಿಯಮಗಳು ಮೂಡಣಕ್ಕೇ ಹೋಗಿರಬೇಕು. ಹಾಸನ, ತುಮಕೂರು ಕಡೆಯವರು ಬೇಲಿಸಾಲು ಒಮ್ಮೆ ನೋಡಿ. ಸಿಕ್ಕರೆ ಅಂಚೆಗೆ ದುಡ್ಡು ದಂಡ ಮಾಡಬೇಡಿ, ಅಕ್ಟೋಬರ್‌ವರೆಗೆ ಇಟ್ಟುಕೊಂಡು ಮನೆಮೇಲಿಂದ ಗಾಳಿಗೆ ಬಿಡಿ. ಹಿಂಗಾರು ಈಶಾನ್ಯದಿಂದ ಬೀಸುತ್ತದೆ.