ಅಧಿಸಂಖ್ಯ ನೌಕರ ಮೀಮಾಂಸೆ

ಸತ್ ಎಂದು ಒಪ್ಪಲಾಗದ, ಅಸತ್ ಎಂದು ತಳ್ಳಲೂ ಆಗದ ಅನಿರ್ವಚನೀಯ ಪದಾರ್ಥಕ್ಕೆ ನಿದರ್ಶನವನ್ನರಸಿದ ನಮ್ಮ ವೇದಾಂತಿಗಳು ಹಗ್ಗದಲ್ಲಿ ತೋರುವ ಹಾವು, ಚಿಪ್ಪಿನಲ್ಲಿ ಹೊಳೆಯುವ ಬೆಳ್ಳಿ ಇವುಗಳಿಂದಲೇ ತೃಪ್ತರಾಗಬೇಕಾಯಿತು. 2019ರ ಡಿಸೆಂಬರ್ 21ರಂದು ಮಹಾರಾಷ್ಟ್ರ ಸರಕಾರವು ಹೊರಡಿಸಿದ ನಿರ್ಣಯವನ್ನು ಓದುವ ಭಾಗ್ಯ ಅವರಿಗಿರಲಿಲ್ಲ. ಪರಿಶಿಷ್ಟ ಪಂಗಡದ ಮೀಸಲು ಹುದ್ದೆಯನ್ನೇರಿ, ಬಳಿಕ ಜಾತಿ ಸಿಂಧುತ್ವ ಪ್ರಮಾಣಪತ್ರವನ್ನು ಪಡೆಯಲಾರದೆ ಹೋದ ನೌಕರನನ್ನು ಆ ನಿರ್ಣಯವು ಮೂಲ ಹುದ್ದೆಯಿಂದ ಇಳಿಸಿತಾದರೂ ಮನೆಗೆ ಕಳುಹಿಸಲಿಲ್ಲ. ‘ಅಧಿಸಂಖ್ಯ’ವೆಂಬ, ಮಂಜೂರಾದ ಎಣಿಕೆಗೆ ಸೇರದ ಹುದ್ದೆಯೊಂದನ್ನು ಸೃಷ್ಟಿಸಿ, ಹನ್ನೊಂದು ತಿಂಗಳೋ ನಿವೃತ್ತಿಯೋ ಯಾವುದು ಮೊದಲೋ ಅಲ್ಲಿಯವರೆಗೆ ಅವನನ್ನು ಅದರ ಮೇಲೆ ಕುಳ್ಳಿರಿಸಿತು. ಮನೆ ಬಾಡಿಗೆಯ ಕರಾರುಪತ್ರವೂ ಹನ್ನೊಂದೇ ತಿಂಗಳಿನದಾದುದರಿಂದ, ಇಲ್ಲಿ ನೌಕರನು ಬಾಡಿಗೆದಾರನೆಂದೇ ವಿವಕ್ಷಿತನೆಂದು ಒಂದು ಪಂಥದ ಭಾಷ್ಯ.

ಈ ದರ್ಶನದ ಪರಂಪರೆ ದೀರ್ಘವಾದುದು. ಜಾತಿಯ ಹಕ್ಕುಸಾಧನೆಯನ್ನು ಒರೆಹಚ್ಚುವ ಪರಿಶೀಲನಾ ಸಮಿತಿಗಳು, ಅವುಗಳಿಗೊಂದು ಜಾಗೃತ ದಳ, ಆ ದಳವು ಅರ್ಜಿದಾರನ ಕುಲದೇವತೆ, ವಿವಾಹಪದ್ಧತಿ, ಶವಸಂಸ್ಕಾರಾದಿಗಳನ್ನು ವಿಚಾರಿಸುವ ಕ್ರಮ, ಇವೆಲ್ಲವನ್ನೂ ಸರ್ವೋಚ್ಚ ನ್ಯಾಯಾಲಯವು 1994ರಲ್ಲಿ ವಿಧಿಸಿತು. 2000ದ ನವೆಂಬರ್ 28ರಂದು ಸಂವಿಧಾನ ಪೀಠವು, ಪರಿಶಿಷ್ಟ ಪಂಗಡಗಳನ್ನು ಪಟ್ಟಿಮಾಡಿದ ರಾಷ್ಟ್ರಪತಿಗಳ 1950ರ ಆದೇಶದಲ್ಲಿರುವ ‘ಹಲಬಾ’ ಎಂಬುದರೊಳಗೆ ನೇಕಾರ ಕೋಷ್ಟಿಗಳನ್ನು ಓದಿಕೊಳ್ಳಲಾಗದು, ಪಟ್ಟಿಯನ್ನು ಹಿಗ್ಗಿಸುವ ಅಧಿಕಾರ ಸಂಸತ್ತಿನದೇ ಎಂದು ಸಾರಿ, ಅಷ್ಟರಲ್ಲೇ ಅಂತಿಮಗೊಂಡಿದ್ದ ಪ್ರವೇಶ, ನೇಮಕಗಳನ್ನು ಮಾತ್ರ ಕೃಪೆಯಿಂದ ಕಾಪಾಡಿತು. 2017ರ ಜುಲೈ 6ರಂದಾದರೋ, ಮನಸ್ಸಿನಲ್ಲಿ ಕಪಟವಿಲ್ಲದಿದ್ದರೂ ಸಲ್ಲದ ಪ್ರಮಾಣಪತ್ರದಿಂದ ದೊರೆತ ಕೆಲಸ ಸಲ್ಲದೆಂದು ಅದೇ ನ್ಯಾಯಾಲಯ ನುಡಿಯಿತು. ಹೀಗೆ ಒಬ್ಬನೇ ಗುಮಾಸ್ತನು ಅದೇ ಮೇಜಿನ ಮುಂದೆ ಕುಳಿತಿದ್ದಂತೆಯೇ 2000ದಲ್ಲಿ ಕ್ಷಮ್ಯನೂ, 2017ರಲ್ಲಿ ಅಕ್ಷಮ್ಯನೂ, 2019ರಲ್ಲಿ ಅಧಿಸಂಖ್ಯನೂ ಆಗಲು ಸಾಧ್ಯವಾಯಿತು.

ಇಂಥವನ ಸೇವಾಭದ್ರತೆಗೆ ಲಕ್ಷಣವೇನು? ನೈಯಾಯಿಕರ ಪರಿಭಾಷೆಯಲ್ಲಿ ಹೇಳುವುದಾದರೆ, ‘ನಿರ್ಣಯದ ಪ್ರಾಗಭಾವವೇ’, ಎಂದರೆ ಅದು ಹುಟ್ಟುವ ಮುನ್ನಿನ ಅಭಾವವೇ, ‘ಸೇವಾಭದ್ರತೆ’. ಪ್ರಾಗಭಾವಕ್ಕೆ ಆದಿಯಿಲ್ಲ, ಅಂತ್ಯವುಂಟು. ಕಡತವೂ ಎಂದಿನಿಂದ ಬಾಕಿಯಿದೆಯೆಂದು ಬಲ್ಲವರಾರೂ ಇಲ್ಲ, ಇತ್ಯರ್ಥವಾದ ದಿನವೇ ಭದ್ರತೆಯ ಅಂತ್ಯ. ಆದುದರಿಂದ ಕಡತವನ್ನು ಮುಂದಕ್ಕೆ ನೂಕಿರೆಂದು ಶಂಕಿತ ನೌಕರನು ಯಾರನ್ನೂ ಬೇಡುವುದಿಲ್ಲ. ಬೇಡುವವನು ನಿಜವಾದ ಆದಿವಾಸಿ. ಅವನಿಗೆ ವಿಳಂಬವು ದಂಡನೆ, ಇವನಿಗೆ ಸಂಬಳ.

‘ವಂಚಿತನಾದವನ ತುತ್ತನ್ನು ಉಂಡವನಿಗೆ ಭದ್ರತೆಯ ಮಾತೇಕೆ?’ ಎಂಬುದು ಪೂರ್ವಪಕ್ಷ. ಪ್ರಬಂಧಕಾರನಿಗೆ ಇದಕ್ಕೆ ಉತ್ತರ ತಿಳಿಯದು. ಪೂರ್ವಪಕ್ಷವೇ ಸರಿಯೆಂದು ಒಮ್ಮೊಮ್ಮೆ ತೋರುತ್ತದೆ. ಆದರೆ ಸಮಿತಿಯ ಪ್ರಮಾಣವ್ಯವಸ್ಥೆಯನ್ನೂ ಅವಲೋಕಿಸಬೇಕು. ಅಲ್ಲಿ ಪ್ರತ್ಯಕ್ಷಕ್ಕಿಂತ ಶಬ್ದವು ಬಲವತ್ತರ. ಶಬ್ದದಲ್ಲಿಯೂ ಸ್ವಾತಂತ್ರ್ಯಪೂರ್ವದ ಶಾಲಾ ದಾಖಲಾತಿಯೇ ಶ್ರುತಿಸಮಾನ. ಅಜ್ಜನು ಶಾಲೆಗೆ ಹೋಗಿದ್ದರೆ ಮೊಮ್ಮಗನು ಆದಿವಾಸಿ. ಆದಿವಾಸಿಯಾದ ಕಾರಣದಿಂದಲೇ ಅಜ್ಜನು ಶಾಲೆಯ ಮೆಟ್ಟಿಲನ್ನು ಕಾಣದಿದ್ದರೆ ಮೊಮ್ಮಗನು ಸಂದೇಹಾಸ್ಪದ. ಆಗ ಉಳಿಯುವುದು ದೇವರ ಹೆಸರು, ಕುಣಿತದ ಬಗೆ, ಹೆಣ ಹೂಳುವ ದಿಕ್ಕು ಇವುಗಳ ಮೌಖಿಕ ಪರೀಕ್ಷೆ. ಇಂಥ ಪರೀಕ್ಷೆಯೊಂದನ್ನೇ ಒರೆಗಲ್ಲಾಗಿ ಹಿಡಿಯಬಾರದೆಂದು 2023ರ ಮಾರ್ಚ್ 24ರಂದು ಸರ್ವೋಚ್ಚ ನ್ಯಾಯಾಲಯದ ತ್ರಿಸದಸ್ಯ ಪೀಠವೊಂದು ಸ್ಪಷ್ಟಪಡಿಸಿದ್ದು ಸ್ತುತ್ಯ.

ಕನ್ನಡನಾಡೂ ಈ ಶಾಸ್ತ್ರಕ್ಕೆ ಅಪರಿಚಿತವಲ್ಲ. ‘ಕೋಟೆಗಾರ’ವೆಂಬ ಪರಿಶಿಷ್ಟ ಜಾತಿಗೆ ಪರ್ಯಾಯನಾಮಗಳನ್ನು ಕಲ್ಪಿಸಿ ಪ್ರಮಾಣಪತ್ರ ಕೊಟ್ಟದ್ದೂ ಸರಕಾರ, ಅವು ಸಲ್ಲವೆಂದು ತಿಳಿದ ಮೇಲೆ 2003ರಲ್ಲಿ ಕೆಲಸವನ್ನು ರಕ್ಷಿಸಿದ್ದೂ ಸರಕಾರ. 2024ರ ಆಗಸ್ಟ್ 28ರಂದು ಸರ್ವೋಚ್ಚ ನ್ಯಾಯಾಲಯವು ಬ್ಯಾಂಕ್ ನೌಕರರ ವಿಷಯದಲ್ಲಿ ಆ ರಕ್ಷಣೆಯನ್ನು ಎತ್ತಿಹಿಡಿದುದರಿಂದ, ಮುಂದೆ ಅವರನ್ನು ಸಾಮಾನ್ಯ ವರ್ಗದವರೆಂದೇ ಎಣಿಸುವಂತಾಯಿತು. ಇಲ್ಲಿನವರು ಕಡೆಗೂ ಎಣಿಕೆಗೆ ಸಿಕ್ಕಿದರು.

ಮರಳಿ ಅಧಿಸಂಖ್ಯನ ಬಳಿಗೆ ಬಂದರೆ, ಶಾಸ್ತ್ರಕಾರರು ವಿಚಾರಿಸದೆ ಬಿಟ್ಟ ತೊಡಕೊಂದಿದೆ. ತೆರವಾದ ಮೂಲ ಹುದ್ದೆಗೆ ನಿಜವಾದ ಅರ್ಹನು ಆದೇಶಪತ್ರ ಹಿಡಿದು ಬಂದನೆನ್ನಿ. ಹುದ್ದೆಯೇನೋ ಸಂಖ್ಯಾತೀತವಾದೀತು, ಕುರ್ಚಿಯು ಮಾತ್ರ ದಾಸ್ತಾನು ವಹಿಯಲ್ಲಿ ಸಂಖ್ಯಾಬದ್ಧವಾಗಿದೆ. ಎರಡನೆಯದನ್ನು ಕೊಳ್ಳಬೇಕಾದರೆ ಯಾವ ಲೆಕ್ಕಶೀರ್ಷಿಕೆಯಡಿ ಎಂದು ಖಜಾನೆಯು ಆಕ್ಷೇಪಿಸುವುದು ಖಚಿತ, ಮತ್ತು ಆ ಆಕ್ಷೇಪಣೆ ಇತ್ಯರ್ಥವಾಗುವ ತನಕ ಹೊಸಬನು ನಿಂತೇ ಇರತಕ್ಕದ್ದು.